ಉಮಾಶ್ರೀ

ಉಮಾಶ್ರೀ (ಜನನ: 10 ಮೇ 1957) ಕನ್ನಡದ ರಂಗಭೂಮಿ, ಚಲನಚಿತ್ರ ಮತ್ತು ಕಿರುತೆರೆಯ ನಟಿ, ರಾಜಕಾರಣಿ. ಹುಟ್ಟೂರು ತುಮಕೂರು ಜಿಲ್ಲೆ ತಿಪಟೂರು ತಾಲ್ಲೂಕಿನ ನೊಣವಿನಕೆರೆ. ಇದು ತೆಂಗಿನ ಸೀಮೆ. ಕನ್ನಡದ ಹಾಸ್ಯಕ್ಕೆ ಈ ತಾಲ್ಲೂಕಿನ ಋಣ ದೊಡ್ಡದು: ಹಾಸ್ಯನಟ ನರಸಿಂಹರಾಜು ಹುಟ್ಟಿದ್ದೂ ತಿಪಟೂರಿನಲ್ಲೇ. ನಾಟಕ ಕಂಪನಿ ಕಟ್ಟಿದ ಗುಬ್ಬಿ ವೀರಣ್ಣನವರ ಗುಬ್ಬಿಯೂ ಇದೇ ಜಿಲ್ಲೆಯದು.

ಅಭಿನಯದ ಬೇರು ಇರುವುದು ರಂಗಭೂಮಿಯಲ್ಲಿ. ದೇವನೂರ ಮಹಾದೇವ ಅವರ 'ಒಡಲಾಳ'ವನ್ನು ಸಿ.ಜಿ. ಕೃಷ್ಣಸ್ವಾಮಿ ರಂಗಕ್ಕೆ ತಂದಾಗ ಉಮಾಶ್ರೀ ಸಾಕವ್ವನಾದರು. ಕಳೆದುಹೋದ ಹುಂಜವನ್ನು ಹುಡುಕುತ್ತ, ಬೈಯುತ್ತ, ಗೊಣಗುತ್ತ ಅಲೆಯುವ ಮುದುಕಿ ಸಾಕವ್ವ. ಹಟ್ಟಿಯ ಮಕ್ಕಳು ಮರಿಗಳೆಲ್ಲ ರಾತ್ರಿ ಕೂತು ಕಡ್ಲೆಕಾಯಿ ತಿನ್ನುವ ಮನೆಯ ಯಜಮಾನಿ. ತುಮಕೂರು ಸೀಮೆಯ ನಟಿ ಮೈಸೂರಿನ ದಕ್ಷಿಣದ ಹಳ್ಳಿಮಾತನ್ನು ನಾಲಗೆಗೆ ಒಗ್ಗಿಸಿಕೊಳ್ಳಬೇಕಿತ್ತು, ಯೌವನದಲ್ಲೇ ಮುಪ್ಪನ್ನು ಮೈಗೆ ತಂದುಕೊಳ್ಳಬೇಕಿತ್ತು. ನಾಟಕ ನೋಡಿದವರು ಸಾಕವ್ವ ಎಂದೊಡನೆ ಇಂದಿಗೂ ಉಮಾಶ್ರೀಯವರನ್ನೇ ನೆನೆಯುತ್ತಾರೆ.

ಚಿತ್ರರಂಗ ಮಾತ್ರ ಅವರನ್ನು ಬೇರೆಯೇ ರೀತಿ ಬಳಸಿಕೊಂಡಿತು. ಕಾಶೀನಾಥ್ ನಿರ್ದೇಶನದ 'ಅನುಭವ' (1984) ಹೆಸರು ತಂದಿತು, ಜೊತೆಗೆ ಒಂದು ಹಣೆಪಟ್ಟಿಯನ್ನೂ ಅಂಟಿಸಿತು. ಮುಂದೆ ಬಂದದ್ದು ಹೆಚ್ಚಾಗಿ ದ್ವಂದ್ವಾರ್ಥದ ಸಂಭಾಷಣೆಯ ಹಾಸ್ಯಪಾತ್ರಗಳು, ಬಜಾರಿ ಹೆಂಗಸರು. ಎನ್.ಎಸ್. ರಾವ್ ಜೊತೆಗಿನ ಅವರ ಜೋಡಿ ಚಿತ್ರಮಂದಿರಗಳಲ್ಲಿ ಶಿಳ್ಳೆ ಹೊಡೆಸಿಕೊಂಡಿತು. ಆ ಪಾತ್ರಗಳಲ್ಲಿ ಬರವಣಿಗೆ ಎಷ್ಟೇ ತೆಳುವಾಗಿದ್ದರೂ ಮಾತಿನ ಟೈಮಿಂಗ್ ತಪ್ಪುತ್ತಿರಲಿಲ್ಲ. ಅದು ನಾಟಕದಿಂದ ಬಂದ ಗಳಿಕೆ. ಹೀಗೆ ಬಂದ ಪಾತ್ರಗಳ ನಡುವೆ ಬೇರೆಯಾಗಿ ನಿಲ್ಲುವುದು ವಿ. ರವಿಚಂದ್ರನ್ ಅವರ 'ಪುಟ್ನಂಜ' (1995) ಚಿತ್ರದ ಪುಟ್ಮಲ್ಲಿ. ನಾಯಕನ ಅಜ್ಜಿ ಈಕೆ. ಆಗ ಉಮಾಶ್ರೀಗೆ 38 ವರ್ಷ, ಮೊಮ್ಮಗನಾಗಿದ್ದ ರವಿಚಂದ್ರನ್ ಅವರಿಗಿಂತ ನಾಲ್ಕೇ ವರ್ಷ ಹಿರಿಯರು! ಸಾಕವ್ವನ ಅಭ್ಯಾಸ ಇಲ್ಲಿ ಕೈಹಿಡಿಯಿತೆನ್ನಬೇಕು.

ಗಿರೀಶ್ ಕಾಸರವಳ್ಳಿ ನಿರ್ದೇಶಿಸಿದ 'ಗುಲಾಬಿ ಟಾಕೀಸು' ಅವರಿಗೆ 2007ನೇ ಸಾಲಿನ ರಾಷ್ಟ್ರಪ್ರಶಸ್ತಿ ತಂದುಕೊಟ್ಟಿತು. ವೈದೇಹಿಯವರ ಕಥೆಯನ್ನು ಆಧರಿಸಿದ ಚಿತ್ರವಿದು. ಕುಂದಾಪುರದ ಕಡಲತಡಿಯ ಮೀನುಗಾರರ ನಡುವೆ ಒಂಟಿಯಾಗಿ ಬದುಕುವ ಗುಲಾಬಿ ಮುಸ್ಲಿಂ ಸೂಲಗಿತ್ತಿ. ಗಂಡ ಇನ್ನೊಬ್ಬಳ ಜೊತೆಗಿದ್ದಾನೆ. ಗುಲಾಬಿಗೆ ಸಿನಿಮಾ ಅಂದರೆ ಪ್ರಾಣ. ಹೆರಿಗೆ ಮಾಡಿಸಿದ್ದಕ್ಕೆ ಉಳ್ಳವರ ಮನೆಯಿಂದ ಬಣ್ಣದ ಟಿ.ವಿ., ಡಿಶ್ ಬರುತ್ತವೆ. ಅದುವರೆಗೆ ದೂರವಿದ್ದ ಹೆಂಗಸರು ಅವಳ ಗುಡಿಸಲಿಗೆ ಬಂದು ಕೂರುತ್ತಾರೆ. ಕಾರ್ಗಿಲ್ ಯುದ್ಧದ ಕಾಲ. ಊರಿನಲ್ಲಿ ಅನುಮಾನದ ಗಾಳಿ ಎದ್ದಾಗ ಗುಲಾಬಿ ಮತ್ತೆ ಒಂಟಿ. ಜನಪ್ರಿಯ ಸಿನಿಮಾಕ್ಕೆ ಬೇಕಾಗಿದ್ದದ್ದು ಉಮಾಶ್ರೀಯವರ ಬಾಯಿ. ಕಾಸರವಳ್ಳಿ ಆರಿಸಿಕೊಂಡದ್ದು ಕಣ್ಣನ್ನು. ತೆರೆಯ ಬೆಳಕು ಮುಖದ ಮೇಲೆ ಬಿದ್ದಾಗ ಬಾಯಿ ತುಸು ತೆರೆದು ಮೈಮರೆಯುವ ಆ ಹೆಂಗಸನ್ನು ನೋಡಿದರೆ ಇವರೇ ಹಿಂದಿನ ಬಜಾರಿಯೆಂದು ನಂಬುವುದು ಕಷ್ಟ.

ಕನ್ನಡ ಚಿತ್ರದ ಅಭಿನಯಕ್ಕೆ ಶ್ರೇಷ್ಠ ನಟಿ ರಾಷ್ಟ್ರಪ್ರಶಸ್ತಿ ಇದಕ್ಕೂ ಮುನ್ನ 'ಕಾಡು' ಚಿತ್ರದ ನಂದಿನಿ ಭಕ್ತವತ್ಸಲ, 'ಹಸೀನಾ'ದ ತಾರಾ ಅವರಿಗೆ ಸಂದಿತ್ತು. 'ಹಸೀನಾ' ಕೂಡ ಕಾಸರವಳ್ಳಿಯವರದೇ, ಬಾನು ಮುಷ್ತಾಕ್ ಅವರ ಕಥೆ. ಉಮಾಶ್ರೀ ಪ್ರಶಸ್ತಿ ಪಡೆದ ಸಾಲಿನಲ್ಲೇ ಶ್ರೇಷ್ಠ ನಟ ಪ್ರಶಸ್ತಿ ಬೆಂಗಳೂರಿನ ಪ್ರಕಾಶ್ ರೈ ಅವರಿಗೆ ತಮಿಳಿನ 'ಕಾಂಚೀವರಂ' ಚಿತ್ರಕ್ಕಾಗಿ ದೊರೆಯಿತು. ಕಾಸರವಳ್ಳಿಯವರ 'ಕನಸೆಂಬ ಕುದುರೆಯನೇರಿ'ಯಲ್ಲಿ (2010) ವೈಜನಾಥ ಬಿರಾದಾರರ ಜೊತೆ, 'ರತ್ನನ್ ಪ್ರಪಂಚ'ದಲ್ಲಿ (2021) ಧನಂಜಯ ಅವರ ತಾಯಿಯಾಗಿ ನಟಿಸಿದರು.

ರಾಜಕೀಯದಲ್ಲಿ ಕಾಂಗ್ರೆಸ್ ಪಕ್ಷದವರು. ಬಾಗಲಕೋಟೆ ಜಿಲ್ಲೆಯ, ನೇಕಾರರು ಹೆಚ್ಚಿರುವ ತೇರದಾಳ ಕ್ಷೇತ್ರದಿಂದ 2008ರಲ್ಲಿ ಸೋತು, 2013ರಲ್ಲಿ ಗೆದ್ದು, 2018ರಲ್ಲಿ ಮತ್ತೆ ಸೋತರು. ಮೂರೂ ಸಲ ಎದುರಾಳಿ ಸಿದ್ದು ಸವದಿ. ಸಿದ್ದರಾಮಯ್ಯನವರ ಮೊದಲ ಸರ್ಕಾರದಲ್ಲಿ ಮಹಿಳಾ ಮತ್ತು ಮಕ್ಕಳ ಅಭಿವೃದ್ಧಿ, ಕನ್ನಡ ಮತ್ತು ಸಂಸ್ಕೃತಿ ಖಾತೆಗಳ ಸಚಿವೆಯಾಗಿದ್ದರು. ಅಧಿಕಾರ ಕಳೆದ ಮೇಲೆ ಹೊಸ ಪ್ರೇಕ್ಷಕರನ್ನು ಕೊಟ್ಟದ್ದು ಜೀ ಕನ್ನಡದ 'ಪುಟ್ಟಕ್ಕನ ಮಕ್ಕಳು'. 2021ರ ಡಿಸೆಂಬರಿನಲ್ಲಿ ಶುರುವಾದ ಈ ಧಾರಾವಾಹಿಯಲ್ಲಿ ಗಂಡ ಕೈಬಿಟ್ಟ ಪುಟ್ಟಕ್ಕ ಮೆಸ್ ನಡೆಸಿ ಮೂವರು ಹೆಣ್ಣುಮಕ್ಕಳನ್ನು ಸಾಕುತ್ತಾಳೆ. ಆ ಮೆಸ್ಸಿನ ಒಲೆ ಇನ್ನೂ ಉರಿಯುತ್ತಿದ್ದಾಗಲೇ, 2023ರ ಆಗಸ್ಟಿನಲ್ಲಿ, ಉಮಾಶ್ರೀ ವಿಧಾನ ಪರಿಷತ್ತಿಗೆ ನಾಮಕರಣಗೊಂಡರು.