ಯೋಜನೆ ಮುಗಿಯಿತೆಂದು ಯಾರು ರುಜುವಾತು ಮಾಡಬೇಕು? ತಾತ್ಕಾಲಿಕ ಸರ್ಕಾರಿ ಕಾರ್ಮಿಕರ ಹಕ್ಕು ಮತ್ತು ಪುರಾವೆಯ ಪ್ರಶ್ನೆ

ಪೀಠಿಕೆ

ಸರ್ಕಾರಿ ಯೋಜನೆಗಳಲ್ಲಿ ದಿನಗೂಲಿ ಅಥವಾ ಗುತ್ತಿಗೆಯ ಮೇಲೆ ದುಡಿಯುವವರ ಬಗ್ಗೆ ಮಾತಾಡುವಾಗ ಎರಡು ಬೇರೆ ಪ್ರಶ್ನೆಗಳು ಕಲಸಿಹೋಗುತ್ತವೆ. ಇವರ ಸೇವೆ ಖಾಯಂ ಆಗಬೇಕೆ ಎಂಬುದು ಒಂದು. ಖಾಯಂ ಅಲ್ಲದವರನ್ನು ಹೇಗೆ ಬೇಕಾದರೂ ತೆಗೆಯಬಹುದೆ ಎಂಬುದು ಇನ್ನೊಂದು. ಮೊದಲ ಪ್ರಶ್ನೆಗೆ ಸಿಕ್ಕ ‘ಇಲ್ಲ’ ಎಂಬ ಉತ್ತರದಿಂದ ಎರಡನೆಯ ಪ್ರಶ್ನೆ ತೀರುವುದಿಲ್ಲ. ತೆಗೆದುಹಾಕುವಿಕೆಯ ವಿರುದ್ಧ ಕಾನೂನು ಕೊಟ್ಟ ರಕ್ಷಣೆ ಸಾಕಷ್ಟು ಗಟ್ಟಿಯಾಗಿದೆ. ಅದು ಸೋಲುವುದು ದಾಖಲೆಯ ಹಂತದಲ್ಲಿ ಎಂಬುದು ಈ ಲೇಖನದ ವಾದ. ಇದಕ್ಕೆ ಆಧಾರವಾದ ತೀರ್ಪುಗಳಲ್ಲಿ ಮುಖ್ಯವಾದವು ಕರ್ನಾಟಕದಿಂದಲೇ ಸುಪ್ರೀಂ ಕೋರ್ಟಿಗೆ ಹೋದ ಪ್ರಕರಣಗಳು.

ಎರಡು ಪ್ರಶ್ನೆಗಳು

2006ರ ಏಪ್ರಿಲ್ 10ರಂದು ಉಮಾದೇವಿ ಪ್ರಕರಣದಲ್ಲಿ ಸುಪ್ರೀಂ ಕೋರ್ಟಿನ ಐವರು ನ್ಯಾಯಮೂರ್ತಿಗಳ ಸಂವಿಧಾನ ಪೀಠ ತೀರ್ಪು ನೀಡಿತು. ಕರ್ನಾಟಕದ ವಾಣಿಜ್ಯ ತೆರಿಗೆ ಇಲಾಖೆಯ ದಿನಗೂಲಿಗಳ ಅಹವಾಲೂ ಅದರಲ್ಲಿ ಸೇರಿತ್ತು. ನಿಯಮಬದ್ಧ ನೇಮಕಾತಿ ಇಲ್ಲದೆ ಬಂದವರಿಗೆ ಖಾಯಮಾತಿ ಹಕ್ಕಲ್ಲ ಎಂದ ಪೀಠ, ಮಂಜೂರಾದ ಹುದ್ದೆಗಳಲ್ಲಿ ನ್ಯಾಯಾಲಯದ ಆದೇಶದ ಆಸರೆಯಿಲ್ಲದೆ 10 ವರ್ಷ ದುಡಿದ ಅರ್ಹರ ಸೇವೆಯನ್ನು ಒಂದು ಬಾರಿ ಸಕ್ರಮಗೊಳಿಸಲು ಅವಕಾಶ ಕೊಟ್ಟಿತು. ಆ ತೀರ್ಪಿನ ವಿಷಯ ಖಾಯಮಾತಿ. ದೀರ್ಘಕಾಲ ದುಡಿದವರ ನ್ಯಾಯವಾದ ಬೇಡಿಕೆಯನ್ನು ತಳ್ಳಿಹಾಕಲು ಅದನ್ನು ಆಯುಧ ಮಾಡಿಕೊಳ್ಳಬಾರದೆಂದು 2024ರ ಡಿಸೆಂಬರಿನಲ್ಲಿ, ಕೇಂದ್ರ ಜಲ ಆಯೋಗದ ಕೆಲಸಗಾರರ ಪ್ರಕರಣದಲ್ಲಿ, ಸುಪ್ರೀಂ ಕೋರ್ಟೇ ಎಚ್ಚರಿಸಿದೆ.

ಎರಡನೆಯ ಪ್ರಶ್ನೆಯ ನೆಲೆ 1947ರ ಕೈಗಾರಿಕಾ ವಿವಾದ ಕಾಯ್ದೆಯಾಗಿತ್ತು. ಹಿಂದಿನ 12 ತಿಂಗಳಲ್ಲಿ 240 ದಿನ ದುಡಿದವರನ್ನು ತೆಗೆಯಬೇಕಾದರೆ ಒಂದು ತಿಂಗಳ ನೋಟಿಸು ಅಥವಾ ಅದರ ಬದಲು ಕೂಲಿ, ಜೊತೆಗೆ ಸೇವೆಯ ಪ್ರತಿ ವರ್ಷಕ್ಕೆ 15 ದಿನಗಳ ಸರಾಸರಿ ವೇತನ ಕೊಡಬೇಕಿತ್ತು. ಒಪ್ಪಂದದ ಅವಧಿ ಮುಗಿದು ಕೆಲಸ ಹೋದರೆ ಅದು ಉದ್ಯೋಗ ಕಡಿತವಲ್ಲ ಎಂಬ ವಿನಾಯಿತಿ 1984ರಲ್ಲಿ ಸೇರಿತು. ಯೋಜನಾ ಕಾರ್ಮಿಕರ ಪಾಲಿಗೆ ಬಾಗಿಲು ಮುಚ್ಚಿದ್ದು ಈ ಮಾತಿನಿಂದಲೇ.

ಬೆಳಗಾವಿಯ ಪಾಠ

ಬೆಳಗಾವಿಯ ದೂರಸಂಪರ್ಕ ಇಲಾಖೆಯಲ್ಲಿ ಕಂಬ ನೆಟ್ಟು, ಕೇಬಲ್ ಹೂತ ಕೂಲಿಕಾರರ ಪ್ರಕರಣದಲ್ಲಿ (ನೀಲಜ್‌ಕರ್, 2003) ಆ ವಿನಾಯಿತಿಗೆ ಸುಪ್ರೀಂ ಕೋರ್ಟ್ ನಾಲ್ಕು ಷರತ್ತು ಹಾಕಿತು. ಕೆಲಸ ತಾತ್ಕಾಲಿಕ ಯೋಜನೆಯದಾಗಿರಬೇಕು. ನೇಮಕ ಬರೀ ದಿನಗೂಲಿಯಾಗಿರದೆ, ಯೋಜನೆ ಮುಗಿದಾಗ ಕೆಲಸವೂ ಮುಗಿಯುತ್ತದೆಂಬ ಒಪ್ಪಂದದ ಮೇಲೆ ಆಗಿರಬೇಕು. ಯೋಜನೆ ಮುಗಿದಾಗಲೇ, ಒಪ್ಪಂದದ ಪ್ರಕಾರವೇ ಕೆಲಸ ನಿಂತಿರಬೇಕು. ಇವೆಲ್ಲ ಕಾರ್ಮಿಕನಿಗೆ ಕೆಲಸಕ್ಕೆ ಸೇರುವಾಗಲೇ ತಿಳಿದಿರಬೇಕು. ಇದನ್ನು ರುಜುವಾತು ಮಾಡುವ ಹೊಣೆ ಮಾಲೀಕನದು. ‘ಯೋಜನೆ’ ಎಂದು ಕಡತದಲ್ಲಿ ಬರೆದ ಮಾತ್ರಕ್ಕೆ ಹೊಣೆ ಕಳೆಯುವುದಿಲ್ಲ.

ಆದರೆ 240 ದಿನ ದುಡಿದೆನೆಂದು ತೋರಿಸುವ ಹೊಣೆ ಕಾರ್ಮಿಕನದು. ವಲಯ ಅರಣ್ಯಾಧಿಕಾರಿ ಕಕ್ಷಿಯಾಗಿದ್ದ ಹಡಿಮನಿ ಪ್ರಕರಣದಲ್ಲಿ (2002) ಅವನ ಅಫಿಡವಿಟ್ಟೊಂದೇ ಸಾಲದೆಂದಾಯಿತು. ದಿನಗೂಲಿಗೆ ನೇಮಕ ಪತ್ರವೂ ಸಿಗುವುದಿಲ್ಲ, ಕೂಲಿಯ ರಸೀದಿಯೂ ಸಿಗುವುದಿಲ್ಲ ಎಂಬ ವಾಸ್ತವವನ್ನು ಎಲ್ಲಟ್ಟಿ ಪ್ರಕರಣ (2005) ಒಪ್ಪಿಕೊಂಡಿತು. ಮಸ್ಟರ್ ರೋಲ್, ಹಾಜರಿ ಪುಸ್ತಕಗಳನ್ನು ಹಾಜರುಪಡಿಸಿ ಎಂದು ಕೇಳುವುದಷ್ಟೇ ಅವನಿಗೆ ಉಳಿದ ದಾರಿ. ಅವು ಬಾರದಿದ್ದರೆ ಇಲಾಖೆಯ ವಿರುದ್ಧ ಊಹಿಸಬೇಕೇ ಎಂಬುದು ಆಯಾ ಪ್ರಕರಣಕ್ಕೆ ಬಿಟ್ಟ ಮಾತು. ಸಾಬೀತು ಮಾಡಬೇಕಾದವನು ಕಾರ್ಮಿಕ, ಕಾಗದ ಇರುವುದು ಎದುರು ಪಕ್ಷದ ಕಪಾಟಿನಲ್ಲಿ. ಅನ್ಯಾಯದ ಬೇರು ಇಲ್ಲಿದೆ.

ಉಪಸಂಹಾರ

1947ರ ಕಾಯ್ದೆಯ ಬದಲಿಗೆ 2025ರ ನವೆಂಬರ್ 21ರಂದು ಜಾರಿಗೆ ಬಂದ ಕೈಗಾರಿಕಾ ಸಂಬಂಧ ಸಂಹಿತೆಯಲ್ಲೂ ಒಪ್ಪಂದ ಮುಗಿಯುವ ವಿನಾಯಿತಿ ಉಳಿದಿದೆ. ಆದರೆ ನಿಗದಿತ ಅವಧಿಯ ಉದ್ಯೋಗಕ್ಕೆ ಲಿಖಿತ ಒಪ್ಪಂದ ಇರಲೇಬೇಕೆಂದು ಅದು ಹೇಳುತ್ತದೆ. ಈ ಒಂದು ಮಾತನ್ನು ಸರ್ಕಾರ ತನಗೇ ಕಟ್ಟುನಿಟ್ಟಾಗಿ ಅನ್ವಯಿಸಿಕೊಳ್ಳಬೇಕು. ಕೆಲಸಕ್ಕೆ ಸೇರಿದ ದಿನವೇ ಯೋಜನೆಯ ಹೆಸರು, ಅವಧಿ, ಕೊನೆಗೊಳ್ಳುವ ಷರತ್ತುಗಳನ್ನು ಕನ್ನಡದಲ್ಲಿ ಬರೆದ ಪತ್ರ ಕೈಗೆ ಬರಬೇಕು; ತಿಂಗಳಿಗೊಮ್ಮೆ ಹಾಜರಿಯ ಪ್ರತಿ ಸಿಗಬೇಕು; ಇಲಾಖೆ ದಾಖಲೆ ತೋರಿಸದಿದ್ದರೆ ಕಾರ್ಮಿಕನ ಮಾತೇ ನಿಜವೆಂದು ನಿಯಮವಾಗಬೇಕು. ಖಾಯಂ ಮಾಡುವುದು ಬೊಕ್ಕಸದ, ನೇಮಕಾತಿ ನೀತಿಯ ಪ್ರಶ್ನೆಯಾಗಿರಬಹುದು. ದುಡಿದ ದಿನಗಳ ಲೆಕ್ಕವನ್ನು ದುಡಿದವನ ಕೈಗೆ ಕೊಡಲು ಹಾಳೆಯೊಂದು ಸಾಕು.