ಜೂನ್ 1ರ ಜನ್ಮದಿನ ಮತ್ತು ನೌಕರಿಯ ವಯೋಮಿತಿ

ವಿಜಯಪುರ, ತಿಕೋಟಾ, ಬಬಲೇಶ್ವರದ ಕನ್ನಡ ಶಾಲೆಗಳ ಹಳೆಯ ದಾಖಲಾತಿ ರಜಿಸ್ಟರುಗಳಲ್ಲಿ, ಉತ್ತರ ಕರ್ನಾಟಕದ ಉಳಿದ ಕಡೆಗಳಂತೆಯೇ, ಜೂನ್ 1ರಂದು ಹುಟ್ಟಿದವರು ಬಹಳ. ಶಾಲೆ ಶುರುವಾಗುವುದು ಜೂನ್‌ನಲ್ಲಿ. ಮಗು ಹುಟ್ಟಿದ ತಾರೀಖು ಮನೆಯವರಿಗೆ ಗೊತ್ತಿರುತ್ತಿರಲಿಲ್ಲ. ಬರಗಾಲದ ವರ್ಷ, ಸೀಗಿ ಹುಣ್ಣಿಮೆಯ ಮರುದಿನ ಎಂಬಂಥ ಗುರುತು ಮಾತ್ರ ಇರುತ್ತಿತ್ತು. ಒಂದನೇ ಇಯತ್ತೆಗೆ ಬೇಕಾದ ವಯಸ್ಸು ತುಂಬುವಂತೆ ಲೆಕ್ಕ ಹಾಕಿ ಮಾಸ್ತರರು ಜೂನ್ 1 ಎಂದು ಬರೆದುಕೊಳ್ಳುತ್ತಿದ್ದರು. ಆ ತಾರೀಖು ಶಾಲೆಯ ದಾಖಲೆಯಿಂದ ಎಸ್ಸೆಸ್ಸೆಲ್ಸಿ ಅಂಕಪಟ್ಟಿಗೆ, ಅಲ್ಲಿಂದ ನೌಕರಿಯ ಅರ್ಜಿಗೆ, ಕಡೆಗೆ ಸೇವಾ ಪುಸ್ತಕಕ್ಕೆ ಹೋಯಿತು. ಮೇ 31ರಂದು ರಾಜ್ಯದ ಕಚೇರಿಗಳಲ್ಲಿ ಒಟ್ಟಿಗೇ ಅಷ್ಟೊಂದು ಜನ ನಿವೃತ್ತರಾಗುವುದಕ್ಕೆ ಇದೇ ಕಾರಣ. ನೌಕರಿಯ ವಯೋಮಿತಿಯ ವ್ಯಾಜ್ಯಗಳಲ್ಲಿ ಎಷ್ಟೋ ಈ ಒಂದು ಸಾಲಿನಿಂದ ಹುಟ್ಟಿವೆ.

ವಯಸ್ಸಿನ ಎಣಿಕೆ ಬ್ರಿಟಿಷರ ಕಾಲದಲ್ಲೇ ತಕರಾರಾಗಿತ್ತು. ಆಗ ಈ ಸೀಮೆ ಮುಂಬಯಿ ಪ್ರಾಂತ್ಯದ ಕಲಾದಗಿ ಜಿಲ್ಲೆಗೆ ಸೇರಿತ್ತು. ಜಿಲ್ಲಾ ಕೇಂದ್ರ ವಿಜಾಪುರಕ್ಕೆ, ಅಂದರೆ ಇಂದಿನ ವಿಜಯಪುರಕ್ಕೆ, ಬಂದದ್ದು 1885ರ ಸುಮಾರಿಗೆ. 1869ರಲ್ಲಿ ಲಂಡನ್ನಿನ ಐ.ಸಿ.ಎಸ್. ಪರೀಕ್ಷೆಯಲ್ಲಿ ನಾಲ್ವರು ಭಾರತೀಯರು ತೇರ್ಗಡೆಯಾದರು. ಅವರಲ್ಲಿ ಬಂಗಾಳದ ಸುರೇಂದ್ರನಾಥ ಬ್ಯಾನರ್ಜಿ ಮತ್ತು ಮುಂಬಯಿಯ ಶ್ರೀಪಾದ ಬಾಬಾಜಿ ಠಾಕೂರರ ವಯಸ್ಸು 21ರ ಮಿತಿ ದಾಟಿದೆ ಎಂದು ಸಿವಿಲ್ ಸೇವಾ ಆಯುಕ್ತರು ತಡೆದರು. ಬ್ಯಾನರ್ಜಿಯವರು ಮೆಟ್ರಿಕ್ ಪರೀಕ್ಷೆಗೆ ಕೊಟ್ಟ ವಯಸ್ಸು ಗರ್ಭದಿಂದ ಎಣಿಸಿದ್ದು, ಐ.ಸಿ.ಎಸ್. ಅರ್ಜಿಯಲ್ಲಿ ಕೊಟ್ಟದ್ದು ಹುಟ್ಟಿದ ದಿನದಿಂದ. ಹದಿನಾರು ತುಂಬಿದವನನ್ನು ಹದಿನೇಳಕ್ಕೆ ಬಿದ್ದವನೆಂದು ಕರೆಯುವ ನಾಡಿಗೆ ಈ ಗೊಂದಲ ಹೊಸದಲ್ಲ. ಬ್ಯಾನರ್ಜಿ ಕ್ವೀನ್ಸ್ ಬೆಂಚ್ ನ್ಯಾಯಾಲಯದ ಮೊರೆ ಹೋದರು, ಆಯುಕ್ತರು ಹಿಂದೆ ಸರಿದರು.

ಸ್ವಾತಂತ್ರ್ಯದ ನಂತರ, 1956ರಲ್ಲಿ, ವಿಜಾಪುರ ಜಿಲ್ಲೆ ಮೈಸೂರು ರಾಜ್ಯಕ್ಕೆ ಬಂತು. ತಾರೀಖು ತಿದ್ದಿಸುವ ದಾರಿಯನ್ನು ರಾಜ್ಯವು 1974ರ ಕರ್ನಾಟಕ ರಾಜ್ಯ ನೌಕರರ (ವಯಸ್ಸು ನಿರ್ಣಯ) ಅಧಿನಿಯಮದ ಮೂಲಕ ಬಹಳ ಇಕ್ಕಟ್ಟು ಮಾಡಿತು. ಸೇವಾ ದಾಖಲೆಯಲ್ಲಿ ಬರೆದ ವಯಸ್ಸನ್ನು ಪ್ರಶ್ನಿಸುವವರು ಮೂರು ವರ್ಷದೊಳಗೆ ಕೇಳಬೇಕು. ಆಗಲೇ ಸೇವೆಯಲ್ಲಿದ್ದವರಿಗೆ ಅಧಿನಿಯಮ ಜಾರಿಯಾದ ಮೇಲೆ ಒಂದು ವರ್ಷದ ಅವಕಾಶ. ಇದನ್ನು ಸುಪ್ರೀಂ ಕೋರ್ಟ್ 2021ರಲ್ಲಿ ಕರ್ನಾಟಕ ಗ್ರಾಮೀಣ ಮೂಲಸೌಕರ್ಯ ಅಭಿವೃದ್ಧಿ ನಿಗಮದ ಪ್ರಕರಣದಲ್ಲಿ ಮತ್ತೆ ಗಟ್ಟಿಗೊಳಿಸಿತು: ಸೇವೆಗೆ ಸೇರಿ ಎರಡು ದಶಕ ಕಳೆದ ಮೇಲೆ ಬಂದ ಕೋರಿಕೆಯನ್ನು, ಸಾಕ್ಷ್ಯ ಬಲವಾಗಿದ್ದರೂ, ಹಕ್ಕಿನಂತೆ ಕೇಳಲಾಗದು. ಆಡಳಿತಕ್ಕೆ ಇದು ಬೇಕಾದ ಶಿಸ್ತು, ಸಂಶಯವಿಲ್ಲ. ಆದರೆ ಓದುಬರಹ ಬಾರದ ತಂದೆತಾಯಿ ತಮ್ಮ ಮಗುವಿನ ಮುಂದೆ ಬರೆದ ತಾರೀಖು ಸರಿಯೋ ತಪ್ಪೋ ಎಂದು ಓದಿ ನೋಡುವುದೇ ಸಾಧ್ಯವಿರಲಿಲ್ಲ ಎಂಬುದೂ ಅಷ್ಟೇ ಸತ್ಯ.

ನೇಮಕಾತಿಯ ಮಿತಿ ಮಾತ್ರ 1977ರ ಕರ್ನಾಟಕ ನಾಗರಿಕ ಸೇವೆಗಳ (ಸಾಮಾನ್ಯ ನೇಮಕಾತಿ) ನಿಯಮಗಳ 6ನೇ ನಿಯಮದ ಮಾತು. ಕನಿಷ್ಠ 18; ಗರಿಷ್ಠ ಸಾಮಾನ್ಯ ವರ್ಗಕ್ಕೆ 35, ಪ್ರವರ್ಗ 2ಎ, 2ಬಿ, 3ಎ, 3ಬಿಗೆ 38, ಪರಿಶಿಷ್ಟ ಜಾತಿ, ಪಂಗಡ ಮತ್ತು ಪ್ರವರ್ಗ 1ಕ್ಕೆ 40 ಎಂಬ ಲೆಕ್ಕ ಬಹುಕಾಲ ನಡೆಯಿತು. ವಿಧವೆಯರು, ಅಂಗವಿಕಲರು, ಮಾಜಿ ಸೈನಿಕರಿಗೆ ಬೇರೆ ಸಡಿಲಿಕೆಗಳಿವೆ. ವಯಸ್ಸನ್ನು ಸಾಮಾನ್ಯವಾಗಿ ಎಣಿಸುವುದು ಅರ್ಜಿ ಸಲ್ಲಿಸುವ ಕೊನೆಯ ದಿನಕ್ಕೆ. ಇಂಥ ಗಡಿ ದಿನದ ಕಟ್ಟುನಿಟ್ಟಿನ ತೀರ್ಪುಗಳಲ್ಲಿ ರಾಜಸ್ಥಾನದ 1986ರ ಪ್ರಭು ದಯಾಳ್ ಸೆಸ್ಮಾ ಪ್ರಕರಣ ಮರೆಯಲಾಗದ್ದು. 1956ರ ಜನವರಿ 2ರಂದು ಹುಟ್ಟಿದ ಅಭ್ಯರ್ಥಿಗೆ 1984ರ ಜನವರಿ 1ಕ್ಕೆ 28 ತುಂಬಿರಬಾರದಿತ್ತು. ಹುಟ್ಟಿದ ದಿನವನ್ನೂ ಇಡಿಯಾಗಿ ಎಣಿಸಬೇಕು, ಹಾಗಾಗಿ ಹಿಂದಿನ ದಿನವೇ 28 ತುಂಬಿತು ಎಂದು ಸುಪ್ರೀಂ ಕೋರ್ಟ್ ಹೇಳಿತು. ಒಂದು ದಿನದಲ್ಲಿ ನೌಕರಿ ಹೋಯಿತು. ಜೂನ್ 1ರವರು ಮೇ 31ಕ್ಕೇ ನಿವೃತ್ತರಾಗುವುದರ ಹಿಂದಿರುವುದೂ ಇಂಥದೇ ಎಣಿಕೆ. ಗಡಿ ದಿನ ಎಲ್ಲಿಟ್ಟರೂ ಕೆಲವರಿಗೆ ನಷ್ಟ ತಪ್ಪದು ಎಂಬ ನಿಲುವನ್ನು ಕೋರ್ಟ್ 1997ರ ಡಾ. ಅಮಿಲಾಲ್ ಭಟ್ ಪ್ರಕರಣದಲ್ಲೂ ತಾಳಿತು.

ದಾವೆ ಹೂಡುವುದೂ ಈ ಭಾಗದವರಿಗೆ ಸುಲಭವಿರಲಿಲ್ಲ. 1986ರಲ್ಲಿ ನೌಕರರ ವ್ಯಾಜ್ಯ ಕೇಳುವ ಕರ್ನಾಟಕ ಆಡಳಿತ ನ್ಯಾಯಮಂಡಳಿ ಬೆಂಗಳೂರಿನಲ್ಲಿ ಶುರುವಾಯಿತು. ಐನೂರಕ್ಕೂ ಹೆಚ್ಚು ಕಿಲೊಮೀಟರ್ ದೂರ. 2008ರ ಜುಲೈನಲ್ಲಿ ಹೈಕೋರ್ಟಿನ ಸಂಚಾರಿ ಪೀಠ ಕಲಬುರಗಿಯಲ್ಲಿ ಆರಂಭವಾಗಿ, 2013ರಲ್ಲಿ ಕಾಯಂ ಆದಾಗ, ಜಿಲ್ಲೆಗೆ ನ್ಯಾಯ ಸ್ವಲ್ಪ ಹತ್ತಿರವಾಯಿತು. ವಿಜಯಪುರ ತಾಲ್ಲೂಕಿನಿಂದ ಬೇರೆಯಾಗಿ 2018ರಲ್ಲಿ ತಿಕೋಟಾ ಮತ್ತು ಬಬಲೇಶ್ವರ ತಾಲ್ಲೂಕು ಕೇಂದ್ರಗಳಾದ ಮೇಲೆ, ವಯೋಮಿತಿ ಸಡಿಲಿಕೆಗೆ ಬೇಕಾದ ಜಾತಿ ಪ್ರಮಾಣಪತ್ರ ಕೊಡುವ ತಾಲ್ಲೂಕು ಕಚೇರಿಯೂ ಹತ್ತಿರವಾಯಿತು.

ಇತ್ತೀಚಿನ ಅಸಮಾಧಾನದ ಮೂಲ ಹುಟ್ಟಿದ ತಾರೀಖಲ್ಲ, ಅಧಿಸೂಚನೆಯ ತಾರೀಖು. ವಿಜಯಪುರದ ಕೋಚಿಂಗ್ ಕ್ಲಾಸುಗಳಿಗೆ ಸುತ್ತಲ ಜಿಲ್ಲೆಗಳಿಂದಲೂ ಹುಡುಗ ಹುಡುಗಿಯರು ಬಂದು, ರೂಮು ಹಿಡಿದು ವರ್ಷಗಟ್ಟಲೆ ಓದುತ್ತಾರೆ. ಕರ್ನಾಟಕ ಲೋಕಸೇವಾ ಆಯೋಗ 2020ರಲ್ಲಿ 106 ಗೆಜೆಟೆಡ್ ಪ್ರೊಬೇಷನರಿ ಹುದ್ದೆಗಳಿಗೆ ಅರ್ಜಿ ಕರೆದ ಮೇಲೆ ಮುಂದಿನ 384 ಹುದ್ದೆಗಳ ಅಧಿಸೂಚನೆ ಬಂದದ್ದು 2024ರ ಫೆಬ್ರವರಿಯಲ್ಲಿ. 2021ರ 545 ಪಿ.ಎಸ್.ಐ. ಹುದ್ದೆಗಳ ಪರೀಕ್ಷೆ ಅಕ್ರಮದಿಂದ ರದ್ದಾಗಿ, ಮರುಪರೀಕ್ಷೆ ನಡೆದದ್ದು 2024ರ ಜನವರಿಯಲ್ಲಿ. 2024ರ ಅಕ್ಟೋಬರ್‌ನಿಂದ ಪರಿಶಿಷ್ಟ ಜಾತಿಗಳ ಒಳಮೀಸಲಾತಿ ತೀರ್ಮಾನವಾಗುವವರೆಗೆ ಹೊಸ ಅಧಿಸೂಚನೆಗಳೇ ನಿಂತವು. ಸರ್ಕಾರ ಕರೆಯದ ವರ್ಷಗಳ ಬೆಲೆಯನ್ನು ಅಭ್ಯರ್ಥಿ ತೆರುವುದು ನ್ಯಾಯವಲ್ಲ. ಪರೀಕ್ಷೆ ನಡೆಯದ ವರ್ಷಗಳಲ್ಲಿ ಅರ್ಹರಾಗಿದ್ದವರಿಗೆ 2022ರಲ್ಲಿ ದೆಹಲಿಯ ನ್ಯಾಯಾಂಗ ಸೇವೆಯ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಒಂದು ಬಾರಿಯ ಅವಕಾಶ ಕೊಡಿಸಿತ್ತು. ವಯೋಮಿತಿಯನ್ನು ಮಾತ್ರ ಎತ್ತಿಹಿಡಿದಿತ್ತು. ಕರ್ನಾಟಕ ಸರ್ಕಾರವೂ 2024ರ ಸೆಪ್ಟೆಂಬರ್‌ನಲ್ಲಿ ಒಂದು ಬಾರಿಗೆ 3 ವರ್ಷ ಸಡಿಲಿಸಿತು. ಧಾರವಾಡದಲ್ಲಿ ಅಭ್ಯರ್ಥಿಗಳು ಬೀದಿಗಿಳಿದ 2025ರ ಸೆಪ್ಟೆಂಬರ್‌ನಲ್ಲಿ, 2027ರ ಡಿಸೆಂಬರ್ 31ರೊಳಗಿನ ಅಧಿಸೂಚನೆಗಳಿಗೆ ಮತ್ತೆ 3 ವರ್ಷ ಕೊಟ್ಟಿತು.

ಹುಟ್ಟಿದ ತಾರೀಖಿನ ಗೊಂದಲ ಮಾತ್ರ ನಿಧಾನವಾಗಿ ಕರಗುತ್ತಿದೆ. ಜನನ ಮರಣ ನೋಂದಣಿ ಕಾಯ್ದೆಯ 2023ರ ತಿದ್ದುಪಡಿಯಂತೆ, ಆ ವರ್ಷದ ಅಕ್ಟೋಬರ್ 1ರಿಂದ ಈಚೆಗೆ ಹುಟ್ಟಿದವರಿಗೆ ಸರ್ಕಾರಿ ನೇಮಕಾತಿಯಲ್ಲಿ ಜನನ ಪ್ರಮಾಣಪತ್ರವೇ ಆಧಾರ. ಅವರಲ್ಲಿ ಮೊದಲಿಗರಿಗೆ 18 ತುಂಬುವುದು 2041ರಲ್ಲಿ.