ನೋಡಾ ಊರಿನ 218 ದಿನಗಳು

ನಮ್ಮ ಸಂಘದ ಬೆಳ್ಳಿಹಬ್ಬದ ಈ ಶುಭ ಸಂದರ್ಭದಲ್ಲಿ ದೂರದ ಜಪಾನಿನ ಒಂದು ಊರಿನ ಸಂಗತಿ ಹೇಳಬೇಕೆನಿಸಿತು. ಟೋಕಿಯೋ ನಗರದ ಉತ್ತರಕ್ಕೆ ನೋಡಾ ಎಂಬ ಊರಿದೆ. ಸೋಯಾ ಅವರೆ, ಗೋಧಿ, ಉಪ್ಪುನೀರು ಕೂಡಿಸಿ ತಿಂಗಳುಗಟ್ಟಲೆ ಹುದುಗಿಸಿ ಹಿಂಡಿದ ಕಪ್ಪು ರಸಕ್ಕೆ ಅಲ್ಲಿ ಷೋಯು ಅಂತಾರೆ. ನಮಗೆ ಉಪ್ಪಿನಕಾಯಿ ಹೇಗೋ ಅವರಿಗೆ ಅದು ಹಾಗೆ.

1917ರಲ್ಲಿ ಅಲ್ಲಿನ ಮೋಗಿ, ತಕನಾಶಿ, ಹೊರಿಕಿರಿ ಮನೆತನದವರು ಪೈಪೋಟಿ ಬಿಟ್ಟು ಒಂದಾಗಿ ನೋಡಾ ಷೋಯು ಕಂಪನಿ ಕಟ್ಟಿದರು. ಬಂಡವಾಳ ಕೂಡಿತು, ಯಂತ್ರ ಬಂತು, ವ್ಯಾಪಾರ ಬೆಳೆಯಿತು. ಒಡೆಯರು ಒಂದಾದ ಮೇಲೆ ದುಡಿಯುವವರು ಸುಮ್ಮನಿರುತ್ತಾರೆಯೇ? 1921ರಲ್ಲಿ ಅವರೂ ಸಂಘ ಕಟ್ಟಿಕೊಂಡರು.

ಕೂಲಿ ಹೆಚ್ಚಿಸಿ ಎಂಬ ಬೇಡಿಕೆ ಬಗೆಹರಿಯದೆ 1927ರ ಸೆಪ್ಟೆಂಬರಿನಲ್ಲಿ ಮುಷ್ಕರ ಶುರುವಾಯಿತು. ಕಂಪನಿ ಹೊಸಬರನ್ನು ತಂದು ಕೆಲಸ ನಡೆಸಿತು. ಸಾವಿರಕ್ಕೂ ಹೆಚ್ಚು ಜನರನ್ನು ವಜಾ ಮಾಡಿತು. 1928ರ ಮಾರ್ಚಿನಲ್ಲಿ ಸಂಘದ ಮುಖಂಡನೊಬ್ಬ ನೇರವಾಗಿ ಚಕ್ರವರ್ತಿಗೇ ಮನವಿ ಕೊಡಲು ಹೋದ. ಏಪ್ರಿಲ್ 20ರಂದು ರಾಜಿಯಾಯಿತು. ಸುಮಾರು 300 ಮಂದಿಗಷ್ಟೇ ಕೆಲಸ ಮರಳಿ ಸಿಕ್ಕಿತು. ಉಳಿದವರು ಪರಿಹಾರದ ಹಣ ಹಿಡಿದು ಹೊರನಡೆದರು.

ಅದೇ ಕಂಪನಿ ಇಂದಿನ ಕಿಕ್ಕೋಮನ್. 1973ರಲ್ಲಿ ಅಮೆರಿಕದ ವಿಸ್ಕಾನ್ಸಿನ್‌ನಲ್ಲೂ ಕಾರ್ಖಾನೆ ತೆರೆಯಿತು. ಕಂಪನಿ ಉಳಿಯಿತು, ಬೆಳೆಯಿತು. ಆ 218 ದಿನ ಒಲೆ ಹೊತ್ತದ ಮನೆಗಳ ಲೆಕ್ಕ ಯಾವ ಜಮಾಖರ್ಚಿನಲ್ಲೂ ಬರೋದಿಲ್ಲ.

ಸದಸ್ಯ ಬಾಂಧವರೇ, ನಮ್ಮ ಸಂಘದಲ್ಲಿ ಷೇರುದಾರನೇ ಒಡೆಯ. ಆದರೆ ಮೂಟೆ ಹೊರುವವನು, ತೂಕ ಹಾಕುವವನು, ಲೆಕ್ಕ ಬರೆಯುವವನು ನಮ್ಮವರೇ ತಾನೆ? ಲಾಭ ಹಂಚುವ ದಿನ ಅವರ ಮಾತನ್ನೂ ಒಂದಿಷ್ಟು ಕೇಳೋಣ. ಮಾತು ತಡವಾದರೆ ಏನಾಗುತ್ತದೆಂಬುದಕ್ಕೆ ನೋಡಾ ಊರೇ ಸಾಕ್ಷಿ.